ಹತಾರ ಯಾರ ಕೈಯಲ್ಲಿ? ಹಲಗಲಿ ಬೇಡರ ಲಾವಣಿಯ ಓದಿಗೆ ಕೆಲವು ಟಿಪ್ಪಣಿಗಳು

೧

ಕನ್ನಡದಲ್ಲಿ ೧೮೫೭ರ ಮಾತು ಬಂದಾಗಲೆಲ್ಲ ಮೂರು ಹೆಸರುಗಳು ಸಾಲಾಗಿ ಬರುತ್ತವೆ: ನರಗುಂದದ ಬಾಬಾಸಾಹೇಬ, ಮುಂಡರಗಿಯ ಭೀಮರಾಯ, ಸುರಪುರದ ರಾಜಾ ವೆಂಕಟಪ್ಪ ನಾಯಕ. ಇವರ ಬೆನ್ನಿಗೆ, ಮರೆತು ನೆನಪಾದಂತೆ, 'ಹಲಗಲಿಯ ಬೇಡರು' ಎಂಬ ಮಾತು ಬರುತ್ತದೆ. ಮೊದಲ ಮೂವರಿಗೆ ತಮ್ಮದೇ ಹೆಸರಿದೆ. ನಾಲ್ಕನೆಯವರಿಗೆ ಇರುವುದು ಊರಿನ ಹೆಸರು ಮತ್ತು ಜಾತಿಯ ಹೆಸರು ಮಾತ್ರ. ಕಾಲದ ಲೆಕ್ಕ ಹಾಕಿ ನೋಡಿದರೆ ಸಾಲು ತಿರುಗುಮುರುಗಾಗುತ್ತದೆ. ಹಲಗಲಿ ಎದ್ದದ್ದು ೧೮೫೭ರ ನವೆಂಬರ್‌ನಲ್ಲಿ. ಸುರಪುರ ೧೮೫೮ರ ಫೆಬ್ರವರಿಯಲ್ಲಿ. ನರಗುಂದ, ಮುಂಡರಗಿ ಆ ವರ್ಷದ ಮೇ ತಿಂಗಳ ಕೊನೆಗೆ. ಅಂದರೆ ಈ ನಾಲ್ಕರಲ್ಲಿ ಮೊದಲು ಬಂದೂಕು ಹಿಡಿದು ನಿಂತದ್ದು ರಾಜರಲ್ಲ, ದೇಸಾಯರಲ್ಲ, ಒಂದು ಹಳ್ಳಿಯ ಜನ. ಕಾಲದಲ್ಲಿ ಮೊದಲಿದ್ದವರು ಪಟ್ಟಿಯಲ್ಲಿ ಕೊನೆಗೆ ಹೇಗೆ ಬಂದರು ಎಂಬ ಪ್ರಶ್ನೆಯಿಂದಲೇ ದಲಿತ ವಿಮರ್ಶೆ ತನ್ನ ಕೆಲಸ ಶುರು ಮಾಡಬೇಕು ಅಂತ ನಾನು ತಿಳಿದಿದ್ದೇನೆ.

ಈ ಬರಹದಲ್ಲಿ ನಾನು ಮಾಡಹೊರಟಿರುವುದು ದೊಡ್ಡ ಸಂಶೋಧನೆಯೇನೂ ಅಲ್ಲ. ಒಂದು ಹಳ್ಳಿ ತನ್ನ ಮೇಲೆ ಬಂದ ದಂಡನ್ನು ಹೇಗೆ ಎದುರಿಸಿತು, ಯಾಕೆ ಸೋತಿತು, ಆ ಸೋಲಿನ ನೆನಪನ್ನು ಯಾರು ಹೇಗೆ ಇಟ್ಟುಕೊಂಡರು ಅನ್ನೋದನ್ನು ಬಿಡಿಸಿ ಹೇಳುವುದು. ಆಮೇಲೆ ಆ ಲಾವಣಿಯನ್ನು ನಮ್ಮ ಹುಡುಗರು, ನಮ್ಮ ಕಾರ್ಯಕರ್ತರು ಇವತ್ತು ಹೇಗೆ ಓದಬಹುದು ಎಂಬುದರ ಬಗ್ಗೆ ನಾಲ್ಕು ಮಾತು ಕೂಡಿಸುವುದು. ಬೇಡರು ದಲಿತರೇ, ಈ ಸಂಚಿಕೆಯಲ್ಲಿ ಅವರ ಮಾತು ಯಾಕೆ ಎಂದು ಕೇಳುವವರಿದ್ದಾರೆ. ಆ ಪ್ರಶ್ನೆಗೆ ಮುಂದೆ ಬರುತ್ತೇನೆ.

೨

ಮೊದಲು ನಡೆದದ್ದು ಏನು ಅನ್ನೋದು ತಿಳಿಯಬೇಕು.

ಹಲಗಲಿ ಈಗ ಬಾಗಲಕೋಟೆ ಜಿಲ್ಲೆಯ ಮುಧೋಳ ತಾಲೂಕಿನ ಊರು. ಆಗ ಅದು ಘೋರ್ಪಡೆ ಮನೆತನದ ಮುಧೋಳ ಸಂಸ್ಥಾನಕ್ಕೆ ಸೇರಿತ್ತು. ಹತ್ತಿರದ ಕಲಾದಗಿಯಲ್ಲಿ ಕಂಪನಿ ಸರಕಾರದ ದಂಡು ಇತ್ತು. ೧೮೫೭ರ ಮೇ ತಿಂಗಳಲ್ಲಿ ಉತ್ತರದಲ್ಲಿ ಸಿಪಾಯಿಗಳು ತಿರುಗಿಬಿದ್ದ ಮೇಲೆ ಕಂಪನಿಗೆ ಹುಟ್ಟಿದ ಹೆದರಿಕೆ ಒಂದೇ: ಜನರ ಕೈಯಲ್ಲಿ ಎಷ್ಟು ಹತಾರ ಇದೆ? ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಶಸ್ತ್ರಗಳ ಬಗ್ಗೆ ಒಂದು ಕಾಯಿದೆ ಬಂತು. ನಮ್ಮ ಚರಿತ್ರೆಯ ಪುಸ್ತಕಗಳು ಅದನ್ನು ನಿಶ್ಶಸ್ತ್ರೀಕರಣ ಕಾಯಿದೆ ಅನ್ನುತ್ತವೆ. ಕತ್ತಿ, ಭರ್ಚಿ, ಬಂದೂಕು ಏನೇ ಇರಲಿ, ಸರಕಾರದ ಮುಂದೆ ತಂದು ಬರೆಸಬೇಕು, ಪರವಾನಗಿ ಪಡೆಯಬೇಕು, ಇಲ್ಲದಿದ್ದರೆ ಒಪ್ಪಿಸಬೇಕು. ಕಂಪನಿಯ ಸೀಮೆಯಲ್ಲಷ್ಟೇ ಅಲ್ಲ, ಅದರ ಹಂಗಿನಲ್ಲಿದ್ದ ಸಂಸ್ಥಾನಗಳಲ್ಲೂ ಇದು ಜಾರಿಗೆ ಬಂತು. ಮುಧೋಳದ ದರಬಾರೂ ತನ್ನ ಪ್ರಜೆಗಳಿಗೆ ಹುಕುಂ ಕಳಿಸಿತು.

ಹಲಗಲಿಯ ಬೇಡರು ಕೊಡುವುದಿಲ್ಲ ಅಂದರು.

ಇದನ್ನು ಹಟ, ಮೊಂಡುತನ ಎಂದು ಓದಿದವರೇ ಹೆಚ್ಚು. ಬೇಡನಿಗೆ ಹತಾರ ಅಂದರೆ ಏನು ಅಂತ ಕೇಳಿಕೊಂಡರೆ ಓದು ಬದಲಾಗುತ್ತದೆ. ಬೇಟೆ ಅವನ ಹಿರಿಯರ ಕಸುಬು. ಅದರ ಜೊತೆಗೆ ಊರ ಕಾವಲು, ತಳವಾರಿಕೆ, ಪಾಳೆಗಾರರ ದಂಡಿನಲ್ಲಿ ಚಾಕರಿ. ಬಿಜಾಪುರ, ಬೆಳಗಾವಿ, ಧಾರವಾಡ ಸೀಮೆಯಲ್ಲಿ ಕಾವಲಿನ ಕೆಲಸಕ್ಕೆ ಭೂಮಿ ಬಿಟ್ಟುಕೊಡುವ ಪದ್ಧತಿ ಹಿಂದಿನಿಂದ ಇತ್ತು. ಕಿತ್ತೂರಿನ ಸಂಗೊಳ್ಳಿ ರಾಯಣ್ಣನೂ ಇಂಥದ್ದೇ ಒಬ್ಬ ಶೇತಸನದಿ. ಹೀಗೆ ಹತಾರದ ಹಿಂದೆ ಹೊಲ ಇತ್ತು, ಹೊಲದ ಹಿಂದೆ ಅನ್ನ ಇತ್ತು, ಅನ್ನದ ಜೊತೆಗೆ ಊರೊಳಗೆ ತಲೆಯೆತ್ತಿ ನಡೆಯುವ ಒಂದಿಷ್ಟು ಮರ್ಯಾದೆ ಇತ್ತು. ಬಂದೂಕು ಇಳಿಸಿದ ಬೇಡ ಮರುದಿನದಿಂದ ಬರೀ ಕೂಲಿ. ಸಾಹೇಬನ ದೃಷ್ಟಿಯಲ್ಲಿ ಅದು ಶಾಂತಿಪಾಲನೆಯ ಕ್ರಮ. ಹಲಗಲಿಯವರ ದೃಷ್ಟಿಯಲ್ಲಿ ಅದು ಕಸುಬು, ಭೂಮಿ, ಮಾನ ಮೂರನ್ನೂ ಒಂದೇ ಏಟಿಗೆ ಕಸಿಯುವ ಕ್ರಮ.

ಕೊಡುವುದಿಲ್ಲ ಅಂದ ಮೇಲೆ ಊರು ಸಿದ್ಧವಾಯಿತು. ಜಡಗ, ಬಾಲ, ಹನುಮ, ರಾಮ ಎಂಬ ನಾಲ್ವರ ಹೆಸರನ್ನು ಲಾವಣಿ ಮುಂದಾಳುಗಳಾಗಿ ಹೇಳುತ್ತದೆ. ಮಂಟೂರು, ಬುದ್ನಿ, ಅಲಗುಂಡಿಯಂಥ ಸುತ್ತಲ ಊರುಗಳ ಬೇಡರೂ ಬಂದು ಕೂಡಿಕೊಂಡರು. ಮುಧೋಳದ ಕಾರಕೂನರಿಂದ, ಸಿಪಾಯಿಗಳಿಂದ ಆಗದೆ ಹೋದಾಗ ಸಂಸ್ಥಾನ ಕಂಪನಿಯ ನೆರವು ಬೇಡಿತು. ನವೆಂಬರ್ ತಿಂಗಳ ಕೊನೆಗೆ ಕರ್ನಲ್ ಮಾಲ್ಕಮ್‌ನ ಕೈಕೆಳಗೆ ದಕ್ಷಿಣ ಮರಾಠಾ ಕುದುರೆ ದಂಡು ಹಲಗಲಿಯ ಮೇಲೆ ಬಿತ್ತು. ಬೇಡರು ಮನೆಗಳನ್ನೇ ಕೋಟೆ ಮಾಡಿಕೊಂಡು ಗುಂಡು ಹಾರಿಸಿದರು. ದಂಡಿನವರು ಊರಿಗೆ ಬೆಂಕಿ ಇಟ್ಟರು. ಸರಕಾರದ ಲೆಕ್ಕದ ಪ್ರಕಾರ ಸತ್ತವರು ಸುಮಾರು ೧೦೦, ಸೆರೆಯಾದವರು ೨೯೦. ಅವರಲ್ಲಿ ೧೯ ಮಂದಿಗೆ ಗಲ್ಲಾಯಿತು. ಡಿಸೆಂಬರ್ ೧೧ರಂದು ಮುಧೋಳದಲ್ಲಿ ಸಂತೆಯ ದಿನವೇ ೧೩ ಜನರನ್ನು, ೧೪ರಂದು ಹಲಗಲಿಯಲ್ಲೇ ೬ ಜನರನ್ನು ನೇಣಿಗೆ ಹಾಕಿದರು. ಸಂತೆಯ ದಿನ ಯಾಕೆ ಅಂತ ಬೇರೆ ಹೇಳಬೇಕಿಲ್ಲ. ಹತ್ತು ಹಳ್ಳಿಯ ಜನ ಉಪ್ಪು ಎಣ್ಣೆ ಕೊಳ್ಳಲು ಬಂದ ಕಡೆ ಹೆಣ ತೂಗಬೇಕಿತ್ತು, ಅಷ್ಟೆ.

೩

ಈಗ ಈ ಪ್ರತಿರೋಧದ ಒಳಗಿನ ಕಟ್ಟಡವನ್ನು ನೋಡೋಣ. ವೀರಾವೇಶದ ಭಾಷಣಗಳಲ್ಲಿ ಕಾಣೆಯಾಗುವುದು ಇದೇ.

ಒಂದು. ಇದು ರಾಜಾಜ್ಞೆಯಿಂದ ಕಟ್ಟಿದ ದಂಡಲ್ಲ. ಸಂಬಳ ಇಲ್ಲ, ಸಮವಸ್ತ್ರ ಇಲ್ಲ, ದಂಡನಾಯಕ ಇಲ್ಲ. ರಾಜನೇ ಎದುರು ಪಕ್ಷದಲ್ಲಿದ್ದ. ಹಾಗಾದರೆ ಸುತ್ತಲ ಊರಿನವರು ಬಂದು ಕೂಡಿದ್ದು ಯಾವ ಬಲದಿಂದ? ಇಂಥ ಸೀಮೆಯಲ್ಲಿ ಕುಲ, ನಂಟಸ್ತಿಕೆ, ಬೇಟೆಯ ಒಡನಾಟ ಇವೇ ಸುದ್ದಿಯ ದಾರಿಗಳು. ರಣಜಿತ್ ಗುಹಾ ೧೯೮೩ರಲ್ಲಿ ಪ್ರಕಟಿಸಿದ ರೈತ ಬಂಡಾಯಗಳ ಕುರಿತ ಪುಸ್ತಕದಲ್ಲಿ ಇದನ್ನೇ ವಿವರವಾಗಿ ಚರ್ಚಿಸಿದ್ದಾರೆ. ಸರಕಾರಿ ದಾಖಲೆ ಯಾವುದನ್ನು ದಿಢೀರನೆ ಹತ್ತಿದ ಕಿಚ್ಚು ಎಂದು ಬರೆಯುತ್ತದೋ ಅದರ ಒಳಗೆ ಜನ ತಮ್ಮೊಳಗೆ ಮಾತಾಡಿಕೊಂಡು ಮಾಡಿದ ತೀರ್ಮಾನ ಇರುತ್ತದೆ. ಹಲಗಲಿಯಲ್ಲೂ ಹಾಗೇ. ಪ್ರಾಣ ಹೋದರೂ ಹತಾರ ಕೊಡಬಾರದು ಎಂಬ ಮಾತನ್ನು ಲಾವಣಿ ಒಬ್ಬನ ಬಾಯಲ್ಲಿ ಇಡುವುದಿಲ್ಲ. ಅದು ಊರಿನ ಮಾತಾಗಿಯೇ ಕೇಳಿಬರುತ್ತದೆ.

ಎರಡು. ಅವರಿಗಿದ್ದ ದೊಡ್ಡ ಬಲ ನೆಲದ ಪರಿಚಯ. ಮಣ್ಣಿನ ಮಾಳಿಗೆ, ದಪ್ಪ ಗೋಡೆ, ಇಕ್ಕಟ್ಟಾದ ಓಣಿ ಇವು ಆ ಸೀಮೆಯ ಹಳ್ಳಿಗಳ ಸಹಜ ರೂಪ. ಮಾಳಿಗೆಯ ಮೇಲೆ ಕೂತವನಿಗೆ ಓಣಿಯಲ್ಲಿ ಬರುವ ಕುದುರೆ ಸವಾರ ಒಳ್ಳೆಯ ಗುರಿ. ಒಂದೊಂದು ಮನೆಯೂ ಒಂದೊಂದು ಬುರುಜು. ಇದನ್ನು ಎದುರಿಸಲಾರದೆಯೇ ದಂಡಿನವರು ಬೆಂಕಿ ಹಚ್ಚಿದರು ಅನ್ನೋದು ಸ್ಪಷ್ಟ.

ಮೂರು. ಅವರ ಬಲವೇ ಅವರ ದೌರ್ಬಲ್ಯವೂ ಆಯಿತು. ರಾಯಣ್ಣ ೧೮೩೦ರ ಸುಮಾರಿಗೆ ಕಾಡುಮೇಡು ಹಿಡಿದು, ಇಂದು ಇಲ್ಲಿ ನಾಳೆ ಅಲ್ಲಿ ಎಂಬಂತೆ ಹೊಡೆದು ಓಡುವ ಯುದ್ಧ ಮಾಡಿದ್ದ. ಅವನನ್ನು ಹಿಡಿಯಲು ಕಂಪನಿಗೆ ದ್ರೋಹದ ನೆರವು ಬೇಕಾಯಿತು. ಹಲಗಲಿಯವರು ಊರು ಬಿಡಲಿಲ್ಲ. ಹೆಂಡರು ಮಕ್ಕಳು, ದನಕರು, ಕಾಳುಕಡಿ ಎಲ್ಲ ಅಲ್ಲೇ ಇದ್ದವು. ಊರನ್ನು ಕಾಯಲು ನಿಂತವನು ಊರು ಬಿಟ್ಟು ಹೋಗುವುದು ಹೇಗೆ? ಒಂದೇ ಕಡೆ ನಿಂತ ಜನರನ್ನು ಸುತ್ತುವರಿಯುವುದು ಪಳಗಿದ ದಂಡಿಗೆ ಕಷ್ಟದ ಕೆಲಸವಲ್ಲ.

ನಾಲ್ಕು. ಬೇರೆ ಯಾರೂ ಬರಲಿಲ್ಲ. ಸುರಪುರದಲ್ಲಿ ಬೇಡರದೇ ಸಂಸ್ಥಾನ ಇತ್ತು. ಅದು ಎದ್ದದ್ದು ಎರಡು ತಿಂಗಳಾದ ಮೇಲೆ. ನರಗುಂದದ ಬಾಬಾಸಾಹೇಬನಿಗೂ ದತ್ತಕದ ಸಿಟ್ಟಿನ ಜೊತೆಗೆ ಇದೇ ಹತಾರ ಒಪ್ಪಿಸುವ ಸಂಕಟ ಇತ್ತು. ಅವನು ಎದ್ದದ್ದು ಆರು ತಿಂಗಳಾದ ಮೇಲೆ. ಕಂಪನಿಗೆ ಇದಕ್ಕಿಂತ ಅನುಕೂಲ ಬೇರೆ ಬೇಕೆ? ಒಂದನ್ನು ಮುಗಿಸಿ ಇನ್ನೊಂದಕ್ಕೆ ಹೋಯಿತು. ಹಲಗಲಿಯನ್ನು ಸುಟ್ಟ ಮಾಲ್ಕಮನೇ ಮರುವರ್ಷ ನರಗುಂದಕ್ಕೂ ಹೋದ. ಸಂಸ್ಥಾನಗಳ ಗಡಿ, ಸುದ್ದಿಯ ನಿಧಾನ ಇವೆಲ್ಲ ಕಾರಣಗಳೇ. ಆದರೆ ಅರಮನೆಯ ಸಿಟ್ಟಿಗೂ ಗುಡಿಸಲಿನ ಸಿಟ್ಟಿಗೂ ನಡುವೆ ಇದ್ದ ಗೋಡೆಯನ್ನು ಈ ಕಾರಣಗಳ ಪಟ್ಟಿಯಿಂದ ಬಿಡುವ ಹಾಗಿಲ್ಲ. ಬೇಡರು ದಂಡಿನಲ್ಲಿ ಬೇಕಾದವರು. ಅವರ ಹಳ್ಳಿ ಉರಿಯುವಾಗ ಓಡಿ ಬರಬೇಕು ಅಂತ ಯಾವ ಅರಮನೆಗೂ ಅನ್ನಿಸಲಿಲ್ಲ.

ಐದು. 'ಹೊರಗಿನ ದಂಡು' ಎಂಬ ಮಾತನ್ನೂ ಸ್ವಲ್ಪ ತಡೆದು ನೋಡಬೇಕು. ಅಪ್ಪಣೆ ಲಂಡನ್ನಿನದೋ ಕಲಕತ್ತೆಯದೋ ಇರಬಹುದು. ಆದರೆ ಅದು ಹಲಗಲಿಯ ಅಗಸಿಗೆ ಬಂದದ್ದು ಮುಧೋಳದ ದರಬಾರಿನ ಮೂಲಕ, ನಮ್ಮದೇ ಭಾಷೆ ಬಲ್ಲ ಕಾರಕೂನನ ಕೈಯಲ್ಲಿ. ಕುದುರೆಯ ಮೇಲೆ ಕೂತು ಬಂದ ಸವಾರರಲ್ಲಿ ಬಹುಪಾಲು ಈ ದೇಶದವರೇ. ಹಳ್ಳಿಯವನಿಗೆ ವಸಾಹತುಶಾಹಿ ಎದುರಾದದ್ದು ಬಿಳಿಯ ಮುಖವಾಗಿ ಅಲ್ಲ. ತನಗೆ ಚೆನ್ನಾಗಿ ಗೊತ್ತಿದ್ದ ಹಳೆಯ ಯಜಮಾನಿಕೆಯ ಕೈಗೆ ಹೊಸ ಕಾಯಿದೆ, ಹೊಸ ಬಂದೂಕು ಬಂದಿತ್ತು. ಈ ಸತ್ಯವನ್ನು ಬಿಟ್ಟು ಹಲಗಲಿಯನ್ನು ಕಪ್ಪು ಬಿಳಿ ಯುದ್ಧ ಮಾಡಿದರೆ ಬೇಡರ ಸಿಟ್ಟಿನ ಅರ್ಧಭಾಗವನ್ನು ನಾವೇ ಮರೆಮಾಚಿದಂತೆ.

೪

ಇಲ್ಲಿಗೆ ಕೋರೆಗಾಂವ್ ಪ್ರಶ್ನೆ ಬರುತ್ತದೆ. ಕಾರ್ಯಕರ್ತರ ಶಿಬಿರಗಳಲ್ಲಿ ನಾನು ಹಲಗಲಿಯ ಮಾತು ತೆಗೆದಾಗಲೆಲ್ಲ ಯಾರಾದರೊಬ್ಬರು ಎದ್ದು ಕೇಳುತ್ತಾರೆ: "ಸರ್, ೧೮೧೮ರ ಜನವರಿ ಒಂದರಂದು ಭೀಮಾ ಕೋರೆಗಾಂವ್‌ನಲ್ಲಿ ನಮ್ಮ ಮಹಾರ್ ಅಣ್ಣಂದಿರು ಕಂಪನಿಯ ಪರವಾಗಿ ನಿಂತು ಪೇಶ್ವೆಯ ದಂಡನ್ನ ತಡೆದರು. ನೀವು ಕಂಪನಿಯ ವಿರುದ್ಧ ನಿಂತವರನ್ನ ಹೊಗಳ್ತೀರಿ. ಎರಡೂ ಹೇಗೆ ಸರಿ ಆಗ್ತದೆ?"

ಒಳ್ಳೆಯ ಪ್ರಶ್ನೆ. ಇದಕ್ಕೆ ಎರಡು ಸುಲಭದ ಉತ್ತರಗಳಿವೆ, ಎರಡೂ ತಪ್ಪು. ಮೊದಲನೆಯದು ರಾಷ್ಟ್ರೀಯವಾದಿಗಳದು: ಹಲಗಲಿಯವರು ದೇಶಭಕ್ತರು, ಕೋರೆಗಾಂವ್‌ನವರು ದಾರಿ ತಪ್ಪಿದವರು. ತಮ್ಮ ನೆರಳೂ ಬೀಳಬಾರದೆಂದ ಆಳ್ವಿಕೆಗೆ ಮಹಾರರು ಯಾವ ಋಣದಿಂದ ನಿಷ್ಠರಾಗಿರಬೇಕಿತ್ತು ಎಂದು ಈ ಉತ್ತರ ಕೇಳಿಕೊಳ್ಳುವುದಿಲ್ಲ. ಎರಡನೆಯದು ನಮ್ಮಲ್ಲೇ ಕೆಲವರದು: ಕಂಪನಿ ಬಂದದ್ದರಿಂದ ಬಿಡುಗಡೆಯ ಬಾಗಿಲು ತೆರೆಯಿತು, ಆದ್ದರಿಂದ ಅದರ ವಿರುದ್ಧ ನಡೆದದ್ದೆಲ್ಲ ಮೇಲ್ಜಾತಿಯವರ ದಂಗೆ. ಈ ಉತ್ತರದಲ್ಲಿ ಮುಧೋಳದ ಸಂತೆಯಲ್ಲಿ ತೂಗಿದ ೧೩ ಹೆಣಗಳಿಗೆ ಜಾಗವೇ ಇಲ್ಲ.

ನನ್ನ ತಿಳುವಳಿಕೆಯ ಪ್ರಕಾರ ಎರಡೂ ಕಡೆ ಪ್ರಶ್ನೆ ಒಂದೇ. ಹತಾರ ಯಾರ ಕೈಯಲ್ಲಿ ಇರಬೇಕು, ಅದನ್ನು ತೀರ್ಮಾನ ಮಾಡುವವರು ಯಾರು? ಕೋರೆಗಾಂವ್‌ನ ಸ್ತಂಭದ ಮೇಲಿರುವ ೪೯ ಹೆಸರುಗಳಲ್ಲಿ ೨೨ ಮಹಾರರವು ಎಂದು ಗುರುತಿಸಲಾಗಿದೆ. ಆ ಹೆಸರುಗಳು ಕಲ್ಲಿನ ಮೇಲೆ ಬಂದದ್ದು ಕೈಯಲ್ಲಿ ಬಂದೂಕು ಇದ್ದದ್ದರಿಂದ. ಆದರೆ ಅದೇ ಸರಕಾರ ೧೮೯೦ರ ದಶಕದ ಆರಂಭದಲ್ಲಿ ಮಹಾರರನ್ನು ದಂಡಿಗೆ ಸೇರಿಸಿಕೊಳ್ಳುವುದನ್ನು ನಿಲ್ಲಿಸಿತು. ಯುದ್ಧಕ್ಕೆ ಯೋಗ್ಯವಾದ ಜಾತಿ, ಅಲ್ಲದ ಜಾತಿ ಎಂಬ ಹೊಸ ಶಾಸ್ತ್ರ ಕಟ್ಟಿತು. ಗೋಪಾಲ ಬಾಬಾ ವಲಂಗಕರ್ ೧೮೯೪ರಲ್ಲಿ ಅರ್ಜಿ ಬರೆದದ್ದು ಇದರ ವಿರುದ್ಧವೇ. ಬಾಬಾಸಾಹೇಬ್ ಅಂಬೇಡ್ಕರ್ ೧೯೨೭ರ ಜನವರಿ ಒಂದರಂದು ಆ ಸ್ತಂಭದ ಮುಂದೆ ಹೋಗಿ ನಿಂತದ್ದಕ್ಕೂ ಇದೇ ಹಿನ್ನೆಲೆ. ಮಹಾರ್ ರೆಜಿಮೆಂಟ್ ಬರಲು ೧೯೪೧ರವರೆಗೆ ಕಾಯಬೇಕಾಯಿತು.

ಅಂದರೆ ಕಂಪನಿ ಹಲಗಲಿಯ ಬೇಡನಿಂದ ೧೮೫೭ರಲ್ಲಿ ಹತಾರ ಕಿತ್ತುಕೊಂಡಿತು. ತಾನೇ ಕೊಟ್ಟ ಹತಾರವನ್ನು ಮಹಾರನಿಂದ ಮೂರೂವರೆ ದಶಕ ಕಳೆದ ಮೇಲೆ ಕಿತ್ತುಕೊಂಡಿತು, ಆಗ ಅದರ ಹೆಸರು ರಾಣಿ ಸರಕಾರ. ಒಬ್ಬ ವಿರುದ್ಧ ನಿಂತವನು, ಒಬ್ಬ ಪರವಾಗಿ ನಿಂತವನು. ಫಲ ಒಂದೇ. ಇದರ ಪಕ್ಕದಲ್ಲಿ ಇನ್ನೊಂದು ಸಂಗತಿ ಇಟ್ಟು ನೋಡಿ. ಇದೇ ನಿಶ್ಶಸ್ತ್ರೀಕರಣದ ಕಾಯಿದೆಯಿಂದ ಕೊಡವರಿಗೆ ೧೮೬೧ರಲ್ಲಿ ವಿನಾಯಿತಿ ಸಿಕ್ಕಿತು. ಸರಕಾರ ಕೊಟ್ಟ ಕಾರಣ ಅವರ ನಿಷ್ಠೆ ಮತ್ತು ಶೌರ್ಯ. ಆ ವಿನಾಯಿತಿ ಬೇರೆ ಬೇರೆ ರೂಪದಲ್ಲಿ ಇವತ್ತಿಗೂ ನಡೆದುಬಂದಿದೆ. ಕೊಡವರ ಮೇಲೆ ನನಗೆ ಯಾವ ಕಹಿಯೂ ಇಲ್ಲ. ನಾನು ಹೇಳುತ್ತಿರುವುದು ಕಾಯಿದೆಯ ಬಗ್ಗೆ. ಒಂದೇ ಬಂದೂಕು ಒಂದು ಮನೆಯಲ್ಲಿ ಪೂಜೆಯ ವಸ್ತು, ಇನ್ನೊಂದು ಮನೆಯಲ್ಲಿ ಗಲ್ಲಿನ ಸಾಕ್ಷಿ. ಯಾವ ಮನೆಯಲ್ಲಿ ಯಾವುದು ಅಂತ ನಿರ್ಧಾರ ಮಾಡಿದವರು ಮೇಲೆ ಕೂತವರು.

ಬಾಬಾಸಾಹೇಬರು ೧೯೩೬ರ 'ಜಾತಿ ವಿನಾಶ'ದಲ್ಲಿ ಒಂದು ಮುಖ್ಯ ವಾದ ಹೂಡುತ್ತಾರೆ. ಈ ದೇಶದ ಕೆಳಗಿನ ಜನ ಸಾಮಾಜಿಕ ಕ್ರಾಂತಿ ಯಾಕೆ ಮಾಡಲಿಲ್ಲ ಎಂಬುದಕ್ಕೆ ಅವರು ಕೊಡುವ ಕಾರಣ ಹೇಡಿತನವಲ್ಲ. ಯೂರೋಪಿನ ದುರ್ಬಲನಿಗೆ ದಂಡಿನಲ್ಲಿ ಸೇರುವ ಮೂಲಕ ದೈಹಿಕ ಆಯುಧ ಸಿಕ್ಕಿತ್ತು, ನೋವನ್ನು ಹೇಳಿಕೊಳ್ಳುವ ಮೂಲಕ ರಾಜಕೀಯ ಆಯುಧ ಸಿಕ್ಕಿತ್ತು, ವಿದ್ಯೆಯ ಮೂಲಕ ನೈತಿಕ ಆಯುಧ ಸಿಕ್ಕಿತ್ತು. ಚಾತುರ್ವರ್ಣ್ಯ ಇಲ್ಲಿನವರಿಂದ ಈ ಮೂರನ್ನೂ ಕಿತ್ತುಕೊಂಡಿತ್ತು ಅನ್ನೋದು ಅವರ ವಿವರಣೆ. ಈ ವಾದವನ್ನು ಹಲಗಲಿಗೆ ತಂದು ಇಟ್ಟರೆ ಲಾವಣಿಯ ಅರ್ಥ ಹಿಗ್ಗುತ್ತದೆ. ಬೇಡರಿಗೆ ಮೂರರಲ್ಲಿ ಒಂದು ಆಯುಧ ಮಾತ್ರ ಉಳಿದಿತ್ತು. ಓದು ಇರಲಿಲ್ಲ, ದರಬಾರಿನಲ್ಲಿ ದನಿ ಇರಲಿಲ್ಲ. ಉಳಿದ ಒಂದನ್ನೂ ಕೇಳಲು ಬಂದಾಗ ಅವರು ಸಾವಿಗೆ ಸಿದ್ಧರಾದರು. ಇದರಲ್ಲಿ ಮೊಂಡುತನ ಎಲ್ಲಿದೆ?

ಬೇಡರು ದಲಿತರೇ ಎಂಬ ಪ್ರಶ್ನೆಗೂ ಇಲ್ಲೇ ಉತ್ತರ ಇದೆ. ಅಸ್ಪೃಶ್ಯತೆಯ ಗಾಯ ಹೊಲೆಯ ಮಾದಿಗರಿಗೆ ಆದಂತೆ ಬೇಡರಿಗೆ ಆಗಿಲ್ಲ. ಅದನ್ನು ಒಪ್ಪದೆ ಎಲ್ಲರನ್ನೂ ಒಂದೇ ಕಂಬಳಿ ಹೊದಿಸಿ ಕೂರಿಸುವುದು ಅಪ್ರಾಮಾಣಿಕತೆ. ಕರ್ನಾಟಕದಲ್ಲಿ ಬೇಡ, ಬೇಡರ್, ವಾಲ್ಮೀಕಿ ಎಂಬ ಹೆಸರುಗಳು ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿದ್ದು ೧೯೯೧ರಲ್ಲಿ. ತಳವಾರ, ಪರಿವಾರ ಎಂಬ ಹೆಸರುಗಳು ಸೇರಿದ್ದು ೨೦೨೦ರಲ್ಲಿ. ತಳವಾರ ಅಂದರೆ ಊರು ಕಾಯುವವನು. ಕಾಯುವವನ ಕೈಯಿಂದ ಹತಾರ ಹೋಗಿ, ಕೆಲಸ ಹೋಗಿ, ಹೆಸರೊಂದೇ ಉಳಿದು, ಆ ಹೆಸರು ಪ್ರಮಾಣಪತ್ರದ ಮೇಲೆ ಬರಲು ಇಷ್ಟು ಕಾಲ ಹಿಡಿಯಿತು. ಈ ನಡುವಿನ ಕಥೆ ಅಧಿಕಾರದಿಂದ ಹೊರಗೆ ತಳ್ಳಿಸಿಕೊಂಡವರ ಕಥೆ. ಅದಕ್ಕೇ ಇದು ನಮ್ಮ ವಿಮರ್ಶೆಯ ಒಳಗೆ ಬರಬೇಕು, ವ್ಯತ್ಯಾಸಗಳನ್ನು ಅಳಿಸದೆ ಬರಬೇಕು.

೫

ಲಾವಣಿಗೆ ಬರುತ್ತೇನೆ. ಇದನ್ನು ಮೊದಲು ಅಚ್ಚಿಗೆ ತಂದವನು ಫ್ಲೀಟ್, ಕನ್ನಡ ಶಾಸನಗಳ ಓದಿನಿಂದ ಹೆಸರಾದ ಇಂಗ್ಲಿಷ್ ಅಧಿಕಾರಿ. ೧೮೮೦ರ ದಶಕದಲ್ಲಿ 'ಇಂಡಿಯನ್ ಆಂಟಿಕ್ವರಿ' ಪತ್ರಿಕೆಯಲ್ಲಿ ಕೆಲವು ಕನ್ನಡ ಲಾವಣಿಗಳನ್ನು ಅವನು ಪ್ರಕಟಿಸಿದ. ಹಲಗಲಿಯ ಲಾವಣಿ ಅವುಗಳಲ್ಲಿ ಒಂದು. ಗಲ್ಲಿಗೆ ಹಾಕಿದ ಸರಕಾರದ ನೌಕರನೇ, ಮೂವತ್ತು ವರ್ಷ ಕಳೆಯುವುದರೊಳಗೆ, ಗಲ್ಲಿಗೇರಿದವರ ಹಾಡನ್ನು ಬರೆದಿಟ್ಟುಕೊಂಡ. ಆ ಹಾಡಿನಿಂದ ಇನ್ನು ಭಯವಿಲ್ಲ ಎಂಬ ಧೈರ್ಯ ಬಂದ ಮೇಲೆಯೇ ಇಂಥ ಸಂಗ್ರಹ ನಡೆಯುತ್ತದೆ. ಹಾಗಂತ ಫ್ಲೀಟನ ಕೆಲಸವನ್ನು ತಳ್ಳಿಹಾಕುವಂತಿಲ್ಲ. ಅವನು ಬರೆದಿಡದೆ ಹೋಗಿದ್ದರೆ ನಮಗೆ ಎಷ್ಟು ಉಳಿಯುತ್ತಿತ್ತೋ! ಮುಂದೆ ಅದು ಜಾನಪದ ಸಂಗ್ರಹಗಳಿಗೆ ಬಂತು, ಹತ್ತನೇ ತರಗತಿಯ ಕನ್ನಡ ಪಠ್ಯಕ್ಕೂ ಬಂತು.

ಈ ಲಾವಣಿಯಲ್ಲಿ ನನ್ನನ್ನು ತಡೆದು ನಿಲ್ಲಿಸುವ ಭಾಗ ಕಾಳಗದ ವರ್ಣನೆಯಲ್ಲ, ಲೂಟಿಯ ವರ್ಣನೆ. ದಂಡಿನವರು ಊರಿನಿಂದ ಏನೇನು ಒಯ್ದರು ಅನ್ನೋದನ್ನು ಹಾಡುಗಾರ ಒಂದೊಂದಾಗಿ ಹೆಸರಿಟ್ಟು ಎಣಿಸುತ್ತಾನೆ. ದನ, ಬೇಸಾಯದ ಸಾಮಾನು, ಅಡಿಗೆಮನೆಯ ದಿನಸಿ, ಹೆಂಗಸರ ಕೊರಳಿನದು, ಕೊನೆಗೆ ಬೀಸುವ ಕಲ್ಲು ಕೂಡ. ಪಂಡಿತ ವಿಮರ್ಶಕರಿಗೆ ಇದು ಕಾವ್ಯದ ಓಟ ತಡೆಯುವ ಪಟ್ಟಿಯಂತೆ ಕಂಡೀತು. ನನಗೆ ಇದು ಪಂಚನಾಮೆ. ಸರಕಾರದ ಕಡತ ಸತ್ತವರು ಎಷ್ಟು, ಸೆರೆ ಎಷ್ಟು, ಗಲ್ಲು ಎಷ್ಟು ಅಂತ ಬರೆದು ಮುಗಿಸಿತು. ಬಡವರ ಮನೆಯಿಂದ ಏನು ಹೋಯಿತು ಅಂತ ಬರೆಯುವ ಗುಮಾಸ್ತ ಅಲ್ಲಿ ಇರಲಿಲ್ಲ. ಆ ಕೆಲಸವನ್ನು ಓದುಬರಹ ಬಾರದ ಜನ ಕೇಳಿ ನೆನಪಿಟ್ಟುಕೊಂಡ ಹಾಡು ಮಾಡಿತು. ಬೀಸುವ ಕಲ್ಲಿನಿಂದ ದಂಡಿಗೆ ಏನು ಲಾಭ? ಅದನ್ನೂ ಬಿಡಲಿಲ್ಲ ಅಂದರೆ ಆ ಊರಲ್ಲಿ ಮತ್ತೆ ಹಿಟ್ಟು ಬೀಳಬಾರದು ಅಂತಲೇ ಅರ್ಥ. ದಲಿತರ ಕೇರಿಗಳ ಮೇಲೆ ದಾಳಿ ಆದಾಗ ಸತ್ಯಶೋಧನೆಗೆ ಹೋಗಿ ಬಂದ ಯಾವುದೇ ಕಾರ್ಯಕರ್ತನನ್ನು ಕೇಳಿ. ಒಡೆದ ಕೊಡ, ಸುಟ್ಟ ಕಾಳಿನ ಚೀಲ, ಹರಿದ ಪುಸ್ತಕ ಅಂತ ಅವರು ಬರೆದು ತರುವ ಪಟ್ಟಿಗೂ ಈ ಲಾವಣಿಯ ಪಟ್ಟಿಗೂ ನೆಂಟಸ್ತಿಕೆ ಇದೆ.

ಇನ್ನೊಂದು ಸಣ್ಣ ಸಂಗತಿ. ತರಗತಿಯಲ್ಲಿ ಒಮ್ಮೆ ಒಬ್ಬ ಹುಡುಗಿ ಕೇಳಿದಳು: "ಬಾಬಾಸಾಹೇಬರು ಅಂತೀವಿ, ವೆಂಕಟಪ್ಪ ನಾಯಕರು ಅಂತೀವಿ. ಜಡಗ, ಬಾಲ ಅಂತ ಯಾಕ್ರಿ ಸರ್ ಬಿಟ್ಟುಬಿಟ್ಟು ಕರೀತೀವಿ?" ಲಾವಣಿಯೇ ಏಕವಚನದಲ್ಲಿ ಕರೆದಿದೆ ಅನ್ನೋದು ನಿಜ. ಆದರೆ ಹಾಡಿನೊಳಗಿನ ಏಕವಚನ ಸಲಿಗೆಯದು, ತಾಯಿ ಮಗನನ್ನು ಕರೆದಂತೆ, ಭಕ್ತ ದೇವರನ್ನು ಕರೆದಂತೆ. ಅದೇ ಏಕವಚನ ಚರಿತ್ರೆಯ ಪುಸ್ತಕಕ್ಕೆ ಬಂದು, ಪಕ್ಕದ ಸಾಲಿನಲ್ಲಿ ಇನ್ನೊಬ್ಬರಿಗೆ ಬಹುವಚನ ಸಿಕ್ಕಾಗ ಅದು ಜಾತಿಯ ವ್ಯಾಕರಣ ಆಗುತ್ತದೆ. ಈ ಲೇಖನದಲ್ಲಿ ನಾನು ರಾಜರಿಗೂ ಸಾಹೇಬರಿಗೂ ಬೇಡರಿಗೂ ಒಂದೇ ವಚನ ಬಳಸಿರುವುದನ್ನು ಓದುಗರು ಗಮನಿಸಿರಬಹುದು. ಅದು ಆ ಹುಡುಗಿ ಕಲಿಸಿದ ಪಾಠ.

ಲಾವಣಿ ಏನು ಹೇಳುವುದಿಲ್ಲ ಅನ್ನೋದೂ ಅಷ್ಟೇ ಮುಖ್ಯ. ಹಲಗಲಿಯಂಥ ಊರಿನಲ್ಲಿ ಹೊಲಗೇರಿ, ಮಾದಿಗರ ಕೇರಿ ಇಲ್ಲದೆ ಇರುವುದಿಲ್ಲ. ಬೆಂಕಿ ಬಿದ್ದಾಗ ಅವರ ಗುಡಿಸಲು ಉಳಿಯಿತೇ? ಚರ್ಮ ಹದ ಮಾಡಿದವರು, ಸುದ್ದಿ ಒಯ್ದವರು, ಹಲಗೆ ಬಾರಿಸಿದವರು, ಹೆಣ ಹೊತ್ತವರು ಯಾರು? ಹೆಂಗಸರು ಕಳೆದುಕೊಂಡದ್ದು ಲಾವಣಿಯಲ್ಲಿದೆ, ಅವರು ಮಾಡಿದ್ದು ಇಲ್ಲ. ಉತ್ತರದ ಕಡೆ ಝಾನ್ಸಿಯ ಕೋರಿ ಹೆಣ್ಣುಮಗಳು ಝಲಕಾರಿಬಾಯಿಯ ನೆನಪನ್ನು, ಲಖನೌದ ಸಿಕಂದರ್‌ಬಾಗ್‌ನಲ್ಲಿ ಅದೇ ೧೮೫೭ರ ನವೆಂಬರ್‌ನಲ್ಲಿ ಮಡಿದ ಪಾಸಿ ಹೆಣ್ಣುಮಗಳು ಊದಾದೇವಿಯ ನೆನಪನ್ನು ಆಯಾ ಜನಾಂಗದವರು ಕಾಪಾಡಿಕೊಂಡು ಬಂದು ಮತ್ತೆ ಬೀದಿಗೆ ತಂದರು. ನಮ್ಮ ಕಡೆ ಆ ಕೆಲಸ ಇನ್ನೂ ಆಗಬೇಕಾಗಿದೆ. ಬೇಡರ ಲಾವಣಿ ಸಿಕ್ಕಿತು ಅಂತ ಸಂಭ್ರಮಪಟ್ಟು, ಅದರ ಮೌನದ ಒಳಗೆ ಇರುವ ಇನ್ನೂ ಕೆಳಗಿನವರನ್ನು ಮರೆತರೆ ನಾವು ಬೈಯುವ ಚರಿತ್ರೆಕಾರರಿಗೂ ನಮಗೂ ವ್ಯತ್ಯಾಸವಿಲ್ಲ.

೬

ಕೊನೆಯದಾಗಿ ಎರಡು ಎಚ್ಚರದ ಮಾತು.

ಹಲಗಲಿಯನ್ನು ವೀರಪೂಜೆ ಮಾಡುವುದು ಸುಲಭ. ಪ್ರತಿಮೆ ನಿಲ್ಲಿಸಬಹುದು, ಜಯಂತಿ ಮಾಡಬಹುದು, ಚುನಾವಣೆ ಬಂದಾಗ ಹಾರ ಹಾಕಬಹುದು. ಪ್ರತಿಮೆ ಬೇಡ ಅಂತ ನಾನು ಹೇಳುವುದಿಲ್ಲ. ಹೆಸರೇ ಇಲ್ಲದವರಿಗೆ ಒಂದು ಕಲ್ಲಾದರೂ ಬೇಕು. ಆದರೆ ಅವರು ಯಾಕೆ ಒಂಟಿಯಾದರು ಅನ್ನೋ ಪ್ರಶ್ನೆಯನ್ನು ಪ್ರತಿಮೆ ಕೇಳುವುದಿಲ್ಲ. ಅದನ್ನು ನಾವು ಕೇಳಬೇಕು. ನವೆಂಬರ್, ಫೆಬ್ರವರಿ, ಮೇ ಅಂತ ಒಬ್ಬೊಬ್ಬರೇ ಎದ್ದು ಒಬ್ಬೊಬ್ಬರೇ ಬಿದ್ದ ಆ ಪಾಠ ನಮ್ಮ ಸಂಘಟನೆಗಳ ಒಡಕಿನ ಕಾಲಕ್ಕೆ ಹೊಂದುವುದಿಲ್ಲವೇ? ಒಂದು ಕೇರಿ ಉರಿಯುವಾಗ ಪಕ್ಕದ ಕೇರಿ ಒಳಪಂಗಡದ ಲೆಕ್ಕ ಹಾಕುತ್ತಾ ಕೂತಿರುವುದನ್ನು ನಾವು ನೋಡಿಲ್ಲವೇ?

ಎರಡನೆಯದು, ಹತಾರ ಎಂಬ ಮಾತಿನ ಬಗ್ಗೆ. ನಾನು ಕತ್ತಿ ಬಂದೂಕಿನ ಹೊಗಳಿಕೆ ಮಾಡುತ್ತಿಲ್ಲ. ಬಾಬಾಸಾಹೇಬರು ಎಣಿಸಿದ ಮೂರು ಆಯುಧಗಳಲ್ಲಿ ಇವತ್ತು ನಮ್ಮ ಕೈಯಲ್ಲಿರುವುದು ಉಳಿದ ಎರಡು, ಓಟು ಮತ್ತು ಓದು. ಇವನ್ನು ಕಿತ್ತುಕೊಳ್ಳಲು ಕುದುರೆ ದಂಡು ಬರಬೇಕಾಗಿಲ್ಲ. ಹಲಗಲಿಗೆ ಬಂದ ಹಾಗೆ ಮೊದಲು ಕಾಗದ ಬರುತ್ತದೆ. ವಿದ್ಯಾರ್ಥಿವೇತನದ ಅರ್ಜಿ ಯಾವುದೋ ಮೇಜಿನ ಮೇಲೆ ನಿಲ್ಲುತ್ತದೆ, ಹಾಸ್ಟೆಲಿನ ಪಟ್ಟಿಯಿಂದ ಹೆಸರು ಬಿಡುತ್ತದೆ, ಊರಿನ ಶಾಲೆಯಲ್ಲಿ ಮಕ್ಕಳ ಸಂಖ್ಯೆ ಸಾಲದು ಅಂತ ಬಾಗಿಲು ಹಾಕುವ ಆದೇಶ ಬರುತ್ತದೆ. ಕಾಗದ ತಂದವನು ನಮ್ಮದೇ ಭಾಷೆ ಆಡುತ್ತಾನೆ, ನಯವಾಗಿಯೇ ಮಾತಾಡುತ್ತಾನೆ. ಹಲಗಲಿಯವರು ಆ ಕಾಗದದ ಅರ್ಥವನ್ನು ದಂಡು ಬರುವ ಮೊದಲೇ ತಿಳಿದುಕೊಂಡಿದ್ದರು. ಓದು ಬರದವರಾಗಿದ್ದರೂ ತಿಳಿದುಕೊಂಡಿದ್ದರು.

ಈ ಸಂಚಿಕೆ ಓದುವ ವಿದ್ಯಾರ್ಥಿ ಗೆಳೆಯರಲ್ಲಿ ನನ್ನದೊಂದು ಕೋರಿಕೆ ಇದೆ. ಮುಧೋಳ, ಬಾದಾಮಿ, ಸುರಪುರ, ನರಗುಂದ ಕಡೆಯ ನಿಮ್ಮ ಊರುಗಳಿಗೆ ಹೋದಾಗ ಅಜ್ಜಿಯರನ್ನು, ಹಲಗೆಯವರನ್ನು, ಗೀಗೀ ಮೇಳದವರನ್ನು, ಹಳೆಯ ತಳವಾರರ ಮನೆಯವರನ್ನು ಕೂರಿಸಿಕೊಂಡು ಕೇಳಿ. ದಂಡು ಬಂದ ಕಥೆ ಕೇಳ್ರಿ ಅಂತ ಹೇಳಬೇಡಿ. ಆವಾಗ ಊರಾಗ ಯಾರ್ ಯಾರಿದ್ರು, ಯಾರ ಮನಿ ಸುಟ್ಟಿತು, ಯಾರು ತಿರುಗಿ ಬಂದರು, ಬಂದವರಿಗೆ ಹೊಲ ಸಿಕ್ಕಿತೋ ಇಲ್ಲೋ ಅಂತ ಕೇಳಿ. ಹೇಳಿದ್ದನ್ನು ಹೇಳಿದ ಹಾಗೇ ಬರೆದುಕೊಳ್ಳಿ, ತಿದ್ದಬೇಡಿ. ಬರೆದದ್ದನ್ನು ಕಳಿಸಿಕೊಡಿ. ಹಲಗಲಿಯ ಮುಂದಿನ ಓದು ಆ ಕಾಗದಗಳಿಂದ ಶುರುವಾಗಬೇಕು.